ಮೂರು ಹೆಸರಿಗೆ ಒಂದೇ ಬಾಲ: ರಷ್ಯನ್ ಸಿನಿಮಾದ ಕಲಾವಿದರ ಬಗ್ಗೆ ನಿಮ್ಮ ಪ್ರಶ್ನೆಗಳು

ಕಳೆದ ತಿಂಗಳು ಈ ಅಂಕಣದಲ್ಲಿ ರಷ್ಯನ್ ನಿರ್ದೇಶಕ ತಾರ್ಕೋವ್ಸ್ಕಿಯ ‘ಮಿರರ್’ ಸಿನಿಮಾ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಅದರಲ್ಲಿ ಬರುವ ಮರದ ಮನೆ ಮೊದಲಿನಿಂದ ಅಲ್ಲಿದ್ದದ್ದಲ್ಲ, ಸಿನಿಮಾಕ್ಕಾಗಿ ಕಟ್ಟಿದ್ದು ಅಂತ ಒಂದು ಮಾತು ಸೇರಿಸಿದ್ದೆ. ಆ ಒಂದು ಮಾತಿಗೇ ಪತ್ರಗಳು ಜಾಸ್ತಿ ಬಂದಿವೆ. ಕಟ್ಟಿದವರು ಯಾರು, ಅವರನ್ನು ಏನಂತ ಕರೆಯುತ್ತಾರೆ, ಆ ಕೆಲಸಕ್ಕೆ ಸೇರುವುದು ಹೇಗೆ ಅಂತ. ಹಾಗಾಗಿ ಈ ಸಲ ಪುಟ ಪೂರ್ತಿ ಅವರಿಗೇ, ಅಂದರೆ ಪ್ರೊಡಕ್ಷನ್ ಡಿಸೈನರ್‌ಗಳಿಗೆ.

ಪ್ರಶ್ನೆ: ಪ್ರೊಡಕ್ಷನ್ ಡಿಸೈನರ್ ಅಂದರೆ ಸೆಟ್ ಹಾಕಿಸುವವರು, ಅಷ್ಟೇ ಅಲ್ವಾ? ರಷ್ಯಾದಲ್ಲಿ ಇವರಿಗೆ ಬೇರೆ ಹೆಸರಿದೆಯಾ?

ಇದೆ, ಮತ್ತು ಆ ಹೆಸರಲ್ಲೇ ಅರ್ಧ ಉತ್ತರ ಸಿಗುತ್ತದೆ. ರಷ್ಯನ್ ಭಾಷೆಯಲ್ಲಿ ಇವರು ‘ಹುದೋಜ್ನಿಕ್-ಪೊಸ್ತನೋವ್‌ಶಿಕ್’. ಹುದೋಜ್ನಿಕ್ ಅಂದರೆ ಕಲಾವಿದ, ಚಿತ್ರ ಬರೆಯುವವನು. ಈ ಪುಟದಲ್ಲಿ ಸಿನಿಮಾದ ಕಲಾವಿದ ಅಂದಾಗಲೆಲ್ಲ ಇವರೇ. ಇನ್ನು ಪೊಸ್ತನೋವ್‌ಶಿಕ್ ಅನ್ನುವ ಬಾಲ ಇದೆಯಲ್ಲ, ಅದು ನಿರ್ದೇಶಕನಿಗೂ ಇದೆ, ಛಾಯಾಗ್ರಾಹಕನಿಗೂ ಇದೆ. ರೆಜಿಸ್ಯೋರ್-ಪೊಸ್ತನೋವ್‌ಶಿಕ್, ಒಪೆರಾತೊರ್-ಪೊಸ್ತನೋವ್‌ಶಿಕ್, ಹುದೋಜ್ನಿಕ್-ಪೊಸ್ತನೋವ್‌ಶಿಕ್. ಚಿತ್ರವನ್ನು ಕಟ್ಟಿ ನಿಲ್ಲಿಸುವವರು ಈ ಮೂವರು ಅಂತ ಹೆಸರೇ ಹೇಳುತ್ತದೆ. ನನಗೆ ಈ ವಿಷಯ ತಿಳಿದ ದಿನದಿಂದ ರಷ್ಯನ್ ಸಿನಿಮಾದ ಟೈಟಲ್ ಕಾರ್ಡ್‌ಗಳನ್ನು ಬಿಡದೆ ನೋಡುತ್ತೇನೆ.

ಕೆಲಸ ಶುರುವಾಗುವುದು ಮೊಳೆ ಹೊಡೆಯುವುದರಿಂದ ಅಲ್ಲ, ಕಾಗದದಿಂದ. ಚಿತ್ರಕಥೆ ಓದಿ ಪ್ರತಿ ಮುಖ್ಯ ದೃಶ್ಯಕ್ಕೂ ‘ಎಸ್ಕೀಜ್’ ಬರೆಯುತ್ತಾರೆ, ಅಂದರೆ ಬಣ್ಣದಲ್ಲೋ ಇದ್ದಿಲಲ್ಲೋ ಮಾಡಿದ ಚಿತ್ರ. ಅದರಲ್ಲಿ ಬರೀ ಕೋಣೆ ಇರುವುದಿಲ್ಲ. ಬೆಳಕು ಯಾವ ಕಡೆಯಿಂದ ಬರುತ್ತದೆ, ಮನುಷ್ಯ ಎಲ್ಲಿ ನಿಂತಿದ್ದಾನೆ, ಆ ಕೋಣೆಯಲ್ಲಿ ಅವನು ಎಷ್ಟು ಚಿಕ್ಕವನಾಗಿ ಕಾಣುತ್ತಾನೆ, ಎಲ್ಲವೂ ಇರುತ್ತದೆ. ಆಮೇಲೆ ನಕ್ಷೆ, ಆಮೇಲೆ ಪುಟ್ಟ ಮಾದರಿ, ಆಮೇಲೆ ಬಡಗಿಗಳು. ಸ್ಟುಡಿಯೋ ಒಳಗೆ ಕಟ್ಟಿದರೆ ‘ಪವಿಲ್ಯೋನ್’, ಹೊರಗೆ ಬಯಲಲ್ಲಿ ಶೂಟಿಂಗ್ ಆದರೆ ‘ನತೂರ’. ದೃಶ್ಯದಲ್ಲಿ ಬೇಕಾದ ಸಾಮಾನು ಹುಡುಕಿ ತರುವವರು ‘ರೆಕ್ವಿಜಿತೊರ್’. ನಿಜವಾದ ಸಾಮಾನು ಸಿಗದಿದ್ದಾಗ ಅದರ ಹಾಗೇ ಕಾಣುವುದನ್ನು ಮಾಡಿಕೊಡುವವರು ‘ಬುತಫೋರ್’.

ಇಷ್ಟರಲ್ಲಿ ಒಂದು ಮಾತು ನೆನಪಿಟ್ಟುಕೊಳ್ಳಿ, ‘ಫಕ್ತೂರ’. ಮೇಲ್ಮೈ ಅನ್ನಬಹುದು. ಹೊಸದಾಗಿ ಕಟ್ಟಿದ ಗೋಡೆಗೆ 40 ವರ್ಷದ ಹೊಗೆ, ಕೈ ಜಿಡ್ಡು, ಮಳೆನೀರು ಇಳಿದ ಗೆರೆ, ಒಂದರ ಮೇಲೊಂದು ಬಳಿದ ಬಣ್ಣ ಎಲ್ಲ ಬರಿಸುವುದು. ಸೆಟ್ ಸತ್ಯವಾಗಿ ಕಾಣುವುದೋ ಸುಳ್ಳಾಗಿ ಕಾಣುವುದೋ ಇಲ್ಲೇ ತೀರ್ಮಾನ ಆಗುತ್ತದೆ.

ಪ್ರಶ್ನೆ: ಈ ಕೆಲಸಕ್ಕೆ ಏನು ಓದಬೇಕು? ನಾನು ಚಿತ್ರಕಲೆಯ ವಿದ್ಯಾರ್ಥಿನಿ.

ನೀವು ಸರಿಯಾದ ಕಡೆಯಿಂದಲೇ ಹೊರಟಿದ್ದೀರಿ. ರಷ್ಯಾದಲ್ಲಿ ಇದಕ್ಕೆ ಹೆಸರಾದ ಶಾಲೆ ಮಾಸ್ಕೋದ ವಿಗಿಕ್. 1919ರಲ್ಲಿ ಶುರುವಾದ ಸಿನಿಮಾ ಶಾಲೆ ಅದು. ಕಲಾ ವಿಭಾಗ ತೆರೆದದ್ದು 1938ರಲ್ಲಿ. ಸೇರಬೇಕಾದರೆ ರೇಖಾಚಿತ್ರ, ವರ್ಣಚಿತ್ರ, ಸಂಯೋಜನೆ, ಇವುಗಳಲ್ಲಿ ಪರೀಕ್ಷೆ ಕೊಡಬೇಕು. ಸೇರಿದ ಮೇಲೂ ವರ್ಷಗಟ್ಟಲೆ ಮನುಷ್ಯನ ದೇಹ ಬರೆಯುವುದು, ಬಟ್ಟೆಯ ಮಡಿಕೆ ಬರೆಯುವುದು, ನಿಸರ್ಗ ಬರೆಯುವುದು ತಪ್ಪುವುದಿಲ್ಲ. ಸೇಂಟ್ ಪೀಟರ್ಸ್‌ಬರ್ಗ್‌ನಲ್ಲೂ ಸಿನಿಮಾ ಸಂಸ್ಥೆ ಇದೆ. ಮಾಸ್ಕೋದ ಸ್ತ್ರೋಗನೊವ್ ಕಲಾಶಾಲೆಯಿಂದ ಬಂದವರೂ ಇದ್ದಾರೆ. ನಾಟಕದ ರಂಗಸಜ್ಜಿಕೆ ಮಾಡಿ ಈ ಕಡೆ ಬಂದವರಂತೂ ತುಂಬಾ ಜನ.

ಓದು ಮುಗಿಸಿದ ಮಾತ್ರಕ್ಕೆ ಯಾರೂ ಪೂರ್ತಿ ಸಿನಿಮಾ ಕೈಗೆ ಕೊಡುವುದಿಲ್ಲ. ಮೊದಲು ಸಹಾಯಕ, ಆಮೇಲೆ ಒಂದೊಂದು ಸೆಟ್ ನೋಡಿಕೊಳ್ಳುವ ಡೆಕೊರೇಟರ್, ಆಮೇಲೆ ಹೆಸರು ಮುಂದೆ ಬರುವುದು. ಸಹಾಯಕರಾಗಿ ಕಳೆಯುವ ವರ್ಷಗಳನ್ನು ದಂಡ ಅಂದುಕೊಳ್ಳಬೇಡಿ. ಯಾವ ಮರ ಬೇಗ ಕಪ್ಪಾಗುತ್ತದೆ, ಯಾವ ಬಣ್ಣ ದೀಪದ ಕೆಳಗೆ ಕೆಡುತ್ತದೆ ಅನ್ನುವುದನ್ನು ತರಗತಿಯಲ್ಲಿ ಕಲಿಯುವುದಕ್ಕಾಗುವುದಿಲ್ಲ.

ಹೊರದೇಶದವರನ್ನೂ ವಿಗಿಕ್ ಸೇರಿಸಿಕೊಳ್ಳುತ್ತದೆ. ಆದರೆ ರಷ್ಯನ್ ಭಾಷೆ ಕಲಿಯದೆ ಆಗುವುದಿಲ್ಲ, ಅದನ್ನು ಮೊದಲು ಶುರು ಮಾಡಿ.

ಪ್ರಶ್ನೆ: ‘ಅಲೆಕ್ಸಾಂಡರ್ ನೆವ್‌ಸ್ಕಿ’ಯ ಹಿಮದ ಮೇಲಿನ ಯುದ್ಧವನ್ನು ಬೇಸಿಗೆಯಲ್ಲಿ ಚಿತ್ರಿಸಿದ್ದು ನಿಜವಾ?

ನಿಜ. 1938ರ ಬೇಸಿಗೆ, ಮಾಸ್ಕೋದಲ್ಲಿ, ಮಾಸ್‌ಫಿಲ್ಮ್ ಸ್ಟುಡಿಯೋ ಹತ್ತಿರದ ಬಯಲಲ್ಲಿ. ಅದರ ನಿರ್ದೇಶಕ ಐಸೆನ್‌ಸ್ಟೈನ್ ಸ್ವತಃ ಚೆನ್ನಾಗಿ ಚಿತ್ರ ಬರೆಯುತ್ತಿದ್ದರು. ಅವರ ಚಿತ್ರಗಳನ್ನು ಹಿಡಿದು ಇಸಾಕ್ ಶ್ಪಿನೆಲ್ ಮತ್ತು ಜೊತೆಗಾರರು ಸೆಟ್ ಮಾಡಿದರು. ಮರಗಳಿಗೆ ತಿಳಿ ಬಣ್ಣ ಬಳಿದು ಸೀಮೆಸುಣ್ಣದ ಪುಡಿ ಉದುರಿಸಿದರು. ನೀರಿನ ಮೇಲೆ ಮಂಜುಗಡ್ಡೆಯ ಹಾಗೆ ಕಾಣುವ ಹಲಗೆಗಳನ್ನು ಗಾಳಿ ತುಂಬಿದ ತೇಲುಚೀಲಗಳ ಮೇಲೆ ಕೂರಿಸಿದರು. ಸನ್ನೆ ಕೊಟ್ಟಾಗ ಗಾಳಿ ಬಿಟ್ಟರೆ ಹಲಗೆ ಮೊದಲೇ ಗುರುತು ಮಾಡಿದ ಕಡೆ ಬಿರುಕು ಬಿಡುತ್ತದೆ, ಭಾರದ ಕವಚ ತೊಟ್ಟವರು ಮುಳುಗುತ್ತಾರೆ.

ಆದರೆ ನನಗೆ ಇಷ್ಟವಾಗುವುದು ಈ ಉಪಾಯಗಳಲ್ಲ. ಚಳಿಗಾಲದ ಒಂದೊಂದು ವಿವರವನ್ನೂ ನಕಲು ಮಾಡಲು ಅವರು ಹೋಗಲಿಲ್ಲ. ಬಾಯಿಂದ ಆವಿ ಬರುವುದಿಲ್ಲ, ಇಬ್ಬನಿ ಮಿನುಗುವುದಿಲ್ಲ. ಅವರು ಹಿಡಿದದ್ದು ಒಂದೇ ಸಂಗತಿಯನ್ನು: ಚಳಿಗಾಲದಲ್ಲಿ ನೆಲ ಬೆಳ್ಳಗಿರುತ್ತದೆ, ಆಕಾಶ ಅದಕ್ಕಿಂತ ಕಪ್ಪಾಗಿರುತ್ತದೆ. ಬೇಸಿಗೆಯಲ್ಲಿ ಇದು ಉಲ್ಟಾ. ಆ ಅಳತೆಯನ್ನು ಸರಿಯಾಗಿ ಇಟ್ಟರು, ಕ್ಯಾಮೆರಾಕ್ಕೆ ಫಿಲ್ಟರ್ ಹಾಕಿ ಆಕಾಶವನ್ನು ಕಪ್ಪು ಮಾಡಿದರು, ಉಳಿದದ್ದನ್ನು ನಮ್ಮ ಕಣ್ಣೇ ತುಂಬಿಕೊಂಡಿತು. ಏನನ್ನು ಬಿಡಬೇಕು ಅಂತ ಗೊತ್ತಿರುವುದು ಚಿತ್ರಕಲೆ ಕಲಿತವರಿಗೆ. ಕಲಾವಿದ ಅನ್ನುವ ಹೆಸರು ಇವರಿಗೆ ಸುಮ್ನೆ ಬಂದಿಲ್ಲ.

ಪ್ರಶ್ನೆ: ‘ಮಿರರ್’ ಮನೆಯ ಬಗ್ಗೆ ಇನ್ನಷ್ಟು ಹೇಳಿ.

ಇದಕ್ಕಾಗಿ ಕಾಯುತ್ತಿದ್ದೆ.

1975ರಲ್ಲಿ ತೆರೆಗೆ ಬಂದ ಈ ಚಿತ್ರದ ಕಲಾವಿದ ನಿಕೊಲಾಯ್ ದ್ವಿಗೂಬ್‌ಸ್ಕಿ. ತಾರ್ಕೋವ್ಸ್ಕಿ ಚಿಕ್ಕಂದಿನಲ್ಲಿ ಇದ್ದ ಹಳ್ಳಿಮನೆ ಯಾವತ್ತೋ ಹಾಳಾಗಿ ಹೋಗಿತ್ತು. ಹಳೆಯ ಫೋಟೋಗಳನ್ನು ನೋಡಿಕೊಂಡು, ಅದೇ ಜಾಗದಲ್ಲಿ, ಅದೇ ಅಡಿಪಾಯದ ಮೇಲೆ ಮತ್ತೆ ಕಟ್ಟಿದರು. ಬರೀ ಫೋಟೋದಲ್ಲಿ ಇದ್ದದ್ದು ಸಾಕಾಗಲಿಲ್ಲ. ಮನೆಯ ಎದುರಿನ ಹೊಲದಲ್ಲಿ ಬಕ್‌ವೀಟ್ ಅನ್ನುವ ಬೆಳೆ ಹೂ ಬಿಟ್ಟು ಹಿಮ ಬಿದ್ದ ಹಾಗೆ ಬೆಳ್ಳಗೆ ಕಾಣುತ್ತಿದ್ದದ್ದು ನಿರ್ದೇಶಕರ ನೆನಪಲ್ಲಿತ್ತು. ಚಿತ್ರೀಕರಣದ ಹೊತ್ತಿಗೆ ಆ ಹೊಲದಲ್ಲಿ ಇದ್ದದ್ದು ಓಟ್ಸ್ ಮತ್ತು ಮೇವಿನ ಬೆಳೆ. ಇಲ್ಲಿ ಬಕ್‌ವೀಟ್ ಬರುವುದೇ ಇಲ್ಲ, ಮಣ್ಣು ಸರಿಯಿಲ್ಲ ಅಂದರು ಅಲ್ಲಿನ ರೈತರು. ಆದರೂ ಹೊಲವನ್ನು ಬಾಡಿಗೆಗೆ ಹಿಡಿದು ಬಿತ್ತಿದರು. ಬೆಳೆ ಚೆನ್ನಾಗಿಯೇ ಬಂತು, ಹೂವೂ ಬಿಟ್ಟಿತು. ಆ ಹೊಲ ಹೂ ಬಿಡದೆ ಇದ್ದಿದ್ದರೆ ಸಿನಿಮಾ ಏನಾಗುತ್ತಿತ್ತೋ ಗೊತ್ತಿಲ್ಲ ಅಂತ ತಾರ್ಕೋವ್ಸ್ಕಿ ಆಮೇಲೆ ಬರೆದುಕೊಂಡಿದ್ದಾರೆ.

ಮನೆ ಸಿದ್ಧವಾದ ಮೇಲೆ ತಾಯಿಯನ್ನು ಕರೆದುಕೊಂಡು ಬಂದು ತೋರಿಸಿದರು. ಅವರ ಯೌವನದ ವರ್ಷಗಳು ಕಳೆದದ್ದು ಅಲ್ಲೇ. ಕಟ್ಟಿದ್ದು ಸರಿಯಾಗಿದೆಯೋ ಇಲ್ಲವೋ ಅಂತ ಹೇಳಬಲ್ಲ ಒಬ್ಬರೇ ಒಬ್ಬರು ಅವರು, ಅಲ್ವಾ? ತಾಯಿಯ ಮುಖ ನೋಡಿದಾಗ ನಾವು ಸರಿಯಾದ ದಾರಿಯಲ್ಲೇ ಇದ್ದೇವೆ ಅಂತ ನಿರ್ದೇಶಕರಿಗೆ ಅನ್ನಿಸಿತು.

ಈ ಸಿನಿಮಾವನ್ನು ನಾನು ಎಷ್ಟೋ ಸಲ ನೋಡಿದ್ದೇನೆ. ಪ್ರತಿ ಸಲವೂ ಮೇಜಿನ ಮೇಲಿನ ಹಾಲು, ಕಿಟಕಿಯ ಗಾಜು, ಒದ್ದೆ ಮರ, ಇವುಗಳನ್ನು ನೋಡುವಾಗ ಇದನ್ನು ಯಾರೋ ಅಲ್ಲಿ ತಂದಿಟ್ಟರು ಅನ್ನುವುದು ಮರೆತೇ ಹೋಗುತ್ತದೆ. ಗೊತ್ತಿದ್ದೂ ಮರೆಯುತ್ತೇನೆ.

ಪ್ರಶ್ನೆ: ‘ಸೊಲಾರಿಸ್’ನ ಬಾಹ್ಯಾಕಾಶ ನಿಲ್ದಾಣ ಅಷ್ಟು ಹಳೆಯದಾಗಿ, ಕೆಟ್ಟುಹೋದ ಹಾಗೆ ಯಾಕಿದೆ? ದುಡ್ಡಿರಲಿಲ್ಲವಾ?

ದುಡ್ಡಿನ ಮಾತಲ್ಲ. ತಾರ್ಕೋವ್ಸ್ಕಿಯವರದೇ ಆದ 1972ರ ಆ ಚಿತ್ರದ ಕಲಾವಿದ ಮಿಖಾಯಿಲ್ ರೊಮಾದಿನ್. ಆ ನಿಲ್ದಾಣದಲ್ಲಿ ಮನುಷ್ಯರು ಎಷ್ಟೋ ಕಾಲದಿಂದ ಬದುಕುತ್ತಿದ್ದಾರೆ, ಮನಸ್ಸು ಕೆಡಿಸಿಕೊಂಡಿದ್ದಾರೆ. ಅಂಥ ಜಾಗ ಹೊಳೆಯುವುದಿಲ್ಲ. ಗ್ರಂಥಾಲಯದ ಕೋಣೆ ನೆನಪಿದೆಯಾ? ಮರದ ಕಪಾಟು, ಮೇಣದಬತ್ತಿ, ಗೋಡೆಯ ಮೇಲೆ ಬ್ರೂಗೆಲ್‌ನ ಚಿತ್ರಗಳು. ಭೂಮಿ ಬಿಟ್ಟು ಅಷ್ಟು ದೂರ ಹೋದವರು ಭೂಮಿಯ ಒಂದು ತುಂಡನ್ನು ಜೊತೆಗೆ ಇಟ್ಟುಕೊಂಡಿದ್ದಾರೆ. ಮಾತಿಲ್ಲದೆ ಈ ಮಾತು ಹೇಳಿದ್ದು ಕೋಣೆ.

ಅಂದ ಹಾಗೆ, ಅವರದೇ ‘ಸ್ಟಾಕರ್’ (1979) ಚಿತ್ರದಲ್ಲಿ ಕಲಾವಿದ ಅಂತ ಹೆಸರಿರುವುದು ಸ್ವತಃ ತಾರ್ಕೋವ್ಸ್ಕಿಯದು.

ಪ್ರಶ್ನೆ: ಬೊಂದರ್ಚುಕ್ ಅವರ ‘ಯುದ್ಧ ಮತ್ತು ಶಾಂತಿ’ಗೆ ಸೆಟ್ ಮಾಡಿದವರಿಗೆ ಪ್ರಶಸ್ತಿ ಬಂತಾ?

ಆಸ್ಕರ್‌ಗೆ ನಾಮನಿರ್ದೇಶನ ಬಂತು. ಮಿಖಾಯಿಲ್ ಬೊಗ್ದಾನೊವ್ ಮತ್ತು ಗೆನ್ನಾದಿ ಮ್ಯಾಸ್ನಿಕೊವ್ ಅದರ ಮುಖ್ಯ ಕಲಾವಿದರು. 1969ರ ಸಮಾರಂಭದಲ್ಲಿ ಚಿತ್ರಕ್ಕೆ ವಿದೇಶಿ ಭಾಷೆಯ ಆಸ್ಕರ್ ಸಿಕ್ಕಿತು, ಕಲಾ ವಿಭಾಗದ್ದು ಸಿಗಲಿಲ್ಲ. ಈ ಚಿತ್ರಕ್ಕೆ ವಸ್ತುಸಂಗ್ರಹಾಲಯಗಳು ತಮ್ಮಲ್ಲಿದ್ದ ಪೀಠೋಪಕರಣ, ಪಾತ್ರೆ, ದೀಪಗಳನ್ನು ಎರವಲು ಕೊಟ್ಟಿದ್ದವು. ಮಾಸ್ಕೋ ಉರಿಯುವ ದೃಶ್ಯಕ್ಕಾಗಿ ತೆರ್ಯಾಯೆವೊ ಹಳ್ಳಿಯಲ್ಲಿ, ಹಳೆಯ ಮಠದ ಹತ್ತಿರ, ಬೀದಿಗಳನ್ನೇ ಕಟ್ಟಿ ನಿಜವಾಗಿಯೂ ಸುಟ್ಟರು. ತಿಂಗಳುಗಟ್ಟಲೆ ಕಟ್ಟಿದ್ದು ಕ್ಯಾಮೆರಾ ಮುಂದೆ ಬೂದಿ. ತಾನು ಕಟ್ಟಿಸಿದ ಊರು ಉರಿಯುವಾಗ ಬೆಂಕಿ ಸರಿಯಾದ ಕಡೆಯಿಂದ ಹತ್ತಿತಾ ಅಂತ ನೋಡುತ್ತಾ ನಿಲ್ಲುವುದೂ ಈ ಕಲಾವಿದನ ಕೆಲಸದಲ್ಲಿ ಸೇರಿದೆ.

ಪ್ರಶ್ನೆ: ಸೋವಿಯತ್ ಕಾಲದಲ್ಲಿ ಹೊರದೇಶಕ್ಕೆ ಹೋಗಿ ಶೂಟಿಂಗ್ ಮಾಡುವುದು ಕಷ್ಟ ಇತ್ತಲ್ಲ, ಲಂಡನ್, ಸ್ವಿಟ್ಜರ್ಲೆಂಡ್ ಎಲ್ಲ ಹೇಗೆ ತೋರಿಸಿದರು?

ರೀಗಾ, ತಾಲಿನ್ ಥರದ ಬಾಲ್ಟಿಕ್ ಊರುಗಳೇ ಅವರ ಯುರೋಪು. ಲಾಟ್ವಿಯಾದ ರೀಗಾದಲ್ಲಿ ಯೌನಿಯೆಲಾ ಅಂತ ಒಂದು ಪುಟ್ಟ ಬೀದಿ ಇದೆ. 1973ರ ‘ಸೆವೆಂಟೀನ್ ಮೊಮೆಂಟ್ಸ್ ಆಫ್ ಸ್ಪ್ರಿಂಗ್’ ಧಾರಾವಾಹಿಯಲ್ಲಿ ಅದು ಸ್ವಿಟ್ಜರ್ಲೆಂಡಿನ ಬರ್ನ್ ನಗರದ ಬೀದಿ. ಕೆಲವು ವರ್ಷ ಕಳೆದ ಮೇಲೆ ಲೆನ್‌ಫಿಲ್ಮ್ ಸ್ಟುಡಿಯೋದ ಶೆರ್ಲಾಕ್ ಹೋಮ್ಸ್ ಚಿತ್ರಗಳಲ್ಲಿ ಅದೇ ಬೀದಿ ಲಂಡನ್ನಿನ ಬೇಕರ್ ಸ್ಟ್ರೀಟ್. ನೋಡಿದ ಕೋಟ್ಯಂತರ ಜನ ಎರಡನ್ನೂ ನಂಬಿದರು. ಫಲಕ, ದೀಪ, ಕುದುರೆಗಾಡಿ, ಕ್ಯಾಮೆರಾ ಎಲ್ಲಿಯವರೆಗೆ ತಿರುಗಬೇಕು ಅನ್ನುವ ಲೆಕ್ಕ, ಇಷ್ಟೇ ವ್ಯತ್ಯಾಸ.

ಪ್ರಶ್ನೆ: ನಿರ್ದೇಶಕ ಮತ್ತು ಕಲಾವಿದ ಜಗಳ ಆಡುವುದಿಲ್ಲವಾ? ಕೊನೆಗೆ ಯಾರ ಮಾತು ನಡೆಯುತ್ತದೆ?

ನಿರ್ದೇಶಕರದೇ ನಡೆಯುತ್ತದೆ. ಆದರೆ ಈ ಎರಡು ಉದಾಹರಣೆ ನೋಡಿ.

ಕಲಾವಿದ ಯೆವ್ಗೆನಿ ಯೆನೆಯ್ ಹುಟ್ಟಿನಿಂದ ಹಂಗೇರಿಯವರು. ಮೊದಲ ಮಹಾಯುದ್ಧದಲ್ಲಿ ಕೈದಿಯಾಗಿ ರಷ್ಯಾಕ್ಕೆ ಬಂದು ಅಲ್ಲೇ ಉಳಿದರು. 1920ರ ದಶಕದಲ್ಲಿ ಕೋಜಿಂತ್ಸೆವ್ ಅನ್ನುವ ಹುಡುಗ ನಿರ್ದೇಶಕನ ಜೊತೆ ಸೇರಿದವರು 1971ರ ‘ಕಿಂಗ್ ಲಿಯರ್’ವರೆಗೂ ಅವರ ಜೊತೆ ಕೆಲಸ ಮಾಡಿದರು. ನಾಲ್ಕು ದಶಕಕ್ಕೂ ಜಾಸ್ತಿ! ಇವರ ‘ಹ್ಯಾಮ್ಲೆಟ್’ (1964) ನೋಡಿ. ಎಲ್ಸಿನೋರ್ ಕೋಟೆಯನ್ನು ಪೂರ್ತಿಯಾಗಿ ಒಂದೇ ಸಲ ಎಲ್ಲೂ ತೋರಿಸುವುದಿಲ್ಲ. ಒಂದು ಗೋಡೆ, ಒಂದು ಮೆಟ್ಟಿಲು, ಒಂದು ಬಾಗಿಲು, ಆಚೆ ಸಮುದ್ರ. ಕೋಟೆ ಎಷ್ಟು ದೊಡ್ಡದು ಅಂತ ಗೊತ್ತಾಗದೆ ಇರುವುದರಿಂದಲೇ ಅದು ಸೆರೆಮನೆ ಅನ್ನಿಸುತ್ತದೆ. ಕಲ್ಲು, ಕಬ್ಬಿಣ, ಬೆಂಕಿ, ನೀರು, ಇಷ್ಟರಲ್ಲೇ ಪೂರ್ತಿ ನಾಟಕ ನಡೆಯುತ್ತದೆ. ಇಂಥದ್ದು ಒಬ್ಬರ ತಲೆಯಲ್ಲಿ ಹುಟ್ಟಿತು ಅಂತ ನಾನು ನಂಬುವುದಿಲ್ಲ. ಇಷ್ಟು ವರ್ಷ ಜೊತೆಗಿದ್ದವರಲ್ಲಿ ಯಾವ ಯೋಚನೆ ಯಾರದು ಅಂತ ಬಿಡಿಸುವುದು ಅವರಿಗೇ ಕಷ್ಟ ಆಗಿರಬೇಕು.

ಇನ್ನೊಬ್ಬರು ಅಲೆಕ್ಸಾಂಡರ್ ಅದಬಾಷ್ಯಾನ್. ಸ್ತ್ರೋಗನೊವ್‌ನಲ್ಲಿ ಓದಿದವರು. ನಿಕಿತಾ ಮಿಖಾಲ್ಕೊವ್ ಅವರ ‘ಎ ಸ್ಲೇವ್ ಆಫ್ ಲವ್’ (1976) ಚಿತ್ರಕ್ಕೆ ಕಲಾವಿದ. ಮುಂದಿನ ಚಿತ್ರಗಳಲ್ಲಿ ಮಿಖಾಲ್ಕೊವ್ ಜೊತೆ ಕೂತು ಚಿತ್ರಕಥೆಯನ್ನೂ ಬರೆದರು. ನಟನೂ ಆದರು. ಆ ಲೆನ್‌ಫಿಲ್ಮ್ ಹೋಮ್ಸ್ ಚಿತ್ರದಲ್ಲಿ ಬಾಸ್ಕರ್‌ವಿಲ್ ಮನೆಯ ಬಟ್ಲರ್ ಬ್ಯಾರಿಮೋರ್ ಆಗಿ ಬರುವವರು ಇವರೇ. ಒಂದು ಪಾತ್ರ ಯಾವ ಕುರ್ಚಿಯಲ್ಲಿ ಕೂರುತ್ತಾನೆ, ಅವನ ಮೇಜಿನ ಮೇಲೆ ಏನಿರುತ್ತದೆ ಅಂತ ವರ್ಷಗಟ್ಟಲೆ ಯೋಚಿಸಿದವರಿಗೆ ಅವನು ಏನು ಮಾತಾಡುತ್ತಾನೆ ಅನ್ನುವುದೂ ಹೊಳೆಯುತ್ತದೆ.

ಪ್ರಶ್ನೆ: ಮಹಿಳೆಯರು ಇದ್ದಾರಾ?

ಮೊದಲಿನಿಂದಲೂ ಇದ್ದಾರೆ. 1924ರ ‘ಅಯೆಲೀತ’ದಲ್ಲಿ ಮಂಗಳಗ್ರಹದವರ ಉಡುಪು ಮಾಡಿದ್ದು ಚಿತ್ರಕಲಾವಿದೆ ಅಲೆಕ್ಸಾಂದ್ರಾ ಎಕ್‌ಸ್ತೆರ್. ಸೊಕೂರೊವ್ ಅವರ ‘ರಷ್ಯನ್ ಆರ್ಕ್’ ಚಿತ್ರದ ಕಲಾವಿದರು ಯೆಲೆನಾ ಝುಕೊವಾ ಮತ್ತು ನತಾಲಿಯಾ ಕೊಚೆರ್ಗಿನಾ. ಅದು ಎಂಥ ಕೆಲಸ ಅಂತ ಯೋಚಿಸಿ. ಹರ್ಮಿಟೇಜ್ ಮ್ಯೂಸಿಯಂ ಒಳಗೆ, ಒಂದೂವರೆ ಗಂಟೆಯ ಒಂದೇ ಶಾಟ್, ಎಲ್ಲೂ ಕಟ್ ಇಲ್ಲ, ದಾಟಬೇಕಾದ ಕೋಣೆಗಳು 33. ಚಿತ್ರೀಕರಣಕ್ಕೆ ಸಿಕ್ಕಿದ್ದು 2001ರ ಡಿಸೆಂಬರ್ 23, ಒಂದೇ ದಿನ. ಬೇರೆ ಸಿನಿಮಾಗಳಲ್ಲಿ ಒಂದು ಮೂಲೆ ಮುಗಿಸಿ ಇನ್ನೊಂದು ಮೂಲೆ ಜೋಡಿಸಬಹುದು. ಇಲ್ಲಿ 33 ಕೋಣೆಯೂ ಒಟ್ಟಿಗೆ ಸಿದ್ಧವಾಗಿರಬೇಕು, ಗೋಡೆಗೆ ಒಂದು ಮೊಳೆ ಹೊಡೆಯುವ ಹಾಗಿಲ್ಲ, ಕ್ಯಾಮೆರಾ ಯಾವ ಕಡೆ ತಿರುಗಿದರೂ ತಪ್ಪು ಕಾಣಬಾರದು. ಸರಿ ಬಂದದ್ದು ನಾಲ್ಕನೇ ಪ್ರಯತ್ನಕ್ಕೆ.

ಪ್ರಶ್ನೆ: ಸೋವಿಯತ್ ಒಕ್ಕೂಟ ಹೋದ ಮೇಲೆ ಇವರ ಪರಿಸ್ಥಿತಿ ಏನಾಯಿತು? ಈಗ ಎಲ್ಲ ಕಂಪ್ಯೂಟರಿನಲ್ಲೇ ಅಲ್ವಾ?

ಮೊದಲು ಇವರು ಸ್ಟುಡಿಯೋದ ಖಾಯಂ ನೌಕರರು. ಸಂಬಳ ಇತ್ತು, ಬಡಗಿಗಳ ಶೆಡ್ ಇತ್ತು, ಗೋದಾಮಿನ ತುಂಬ ಸಾಮಾನು ಇತ್ತು. 1990ರ ದಶಕದಲ್ಲಿ ಸಿನಿಮಾ ತಯಾರಾಗುವುದೇ ತೀರಾ ಕಡಿಮೆಯಾಯಿತು. ತುಂಬಾ ಜನ ಜಾಹೀರಾತು, ಟಿವಿ ಕಡೆ ಹೋದರು. ಕೈ ಪಳಗಿದ ಬುತಫೋರ್‌ಗಳು ಕೆಲಸ ಬಿಟ್ಟು ಹೋದದ್ದು ದೊಡ್ಡ ನಷ್ಟ ಅಂತ ನನಗನ್ನಿಸುತ್ತದೆ. ಯಾಕೆಂದರೆ ಆ ಕೈಗೆಲಸ ಒಬ್ಬರಿಂದ ಒಬ್ಬರಿಗೆ ನೋಡಿ ಕಲಿತು ಬರುವಂಥದ್ದು, ಒಂದು ತಲೆಮಾರು ಬಿಟ್ಟುಹೋದರೆ ಮತ್ತೆ ಕೂಡಿಸುವುದು ಕಷ್ಟ. ಈಗ ಒಂದೊಂದು ಸಿನಿಮಾಕ್ಕೆ ಒಂದೊಂದು ಒಪ್ಪಂದ. ಒಂದು ಮುಗಿದ ಮೇಲೆ ಇನ್ನೊಂದು ಸಿಗುವವರೆಗೆ ಕಾಯಬೇಕು. ಈ ದಾರಿಗೆ ಬರುವವರು ಇದನ್ನು ತಿಳಿದೇ ಬರಬೇಕು.

ಕಂಪ್ಯೂಟರ್ ಬಂದಿದೆ, ನಿಜ. ಆದರೆ ಕಟ್ಟುವುದು ನಿಂತಿಲ್ಲ. ಕರೆನ್ ಶಖ್ನಜಾರೊವ್ ಅವರ 2004ರ ಒಂದು ಚಿತ್ರಕ್ಕಾಗಿ ಮಾಸ್‌ಫಿಲ್ಮ್ ಆವರಣದಲ್ಲಿ ಹಳೆಯ ಮಾಸ್ಕೋದ ಬೀದಿಗಳನ್ನು ಕಟ್ಟಿದರು. ಕಲಾವಿದೆ ಲ್ಯುದ್ಮಿಲಾ ಕುಸಕೊವಾ. ಅದನ್ನು ಕೆಡವದೆ ಉಳಿಸಿಕೊಂಡರು, ಆಮೇಲೆ ಎಷ್ಟೋ ಚಿತ್ರಗಳು ಅದೇ ಬೀದಿಯಲ್ಲಿ ತಯಾರಾದವು.

‘ಲೆವಯಥನ್’ (2014) ನೋಡಿದವರಿಗೆ ಸಮುದ್ರದ ದಡದಲ್ಲಿ ಬಿದ್ದಿರುವ ತಿಮಿಂಗಿಲದ ಅಸ್ಥಿಪಂಜರ ಮರೆಯುವುದಿಲ್ಲ. ನಿಜವಾದದ್ದು ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಅಲ್ಲ, ಚಿತ್ರಕ್ಕಾಗಿ ಮಾಡಿ ತಂದಿಟ್ಟದ್ದು. ಬ್ಯಾರೆಂಟ್ಸ್ ಸಮುದ್ರದ ದಡದ ತೆರಿಬೆರ್ಕಾ ಹಳ್ಳಿಯಲ್ಲಿ ನಾಯಕನ ಮನೆಯನ್ನೂ ಚಿತ್ರಕ್ಕಾಗಿ ಕಟ್ಟಿದರು. ಕಲಾವಿದ ಆಂದ್ರೇಯ್ ಪೊಂಕ್ರಾತೊವ್. ಆ ಮನೆಯ ದೊಡ್ಡ ಕಿಟಕಿಗಳಿಂದ ಆಚೆ ನೀರು ಕಾಣುತ್ತಿರುತ್ತದೆ. ಅಂಥ ಜಾಗವನ್ನು ಬಿಟ್ಟುಕೊಡಲು ಆ ಮನುಷ್ಯ ಯಾಕೆ ಒಪ್ಪುವುದಿಲ್ಲ ಅನ್ನುವುದು ಆ ಕಿಟಕಿ ನೋಡಿದರೆ ಸಾಕು, ಗೊತ್ತಾಗುತ್ತದೆ.

ಪ್ರಶ್ನೆ: ಇವರ ಕೆಲಸ ಗಮನಿಸುವುದನ್ನು ಎಲ್ಲಿಂದ ಶುರು ಮಾಡಲಿ? ಒಂದೇ ಸಿನಿಮಾ ಹೇಳಿ.

ಐಸೆನ್‌ಸ್ಟೈನ್ ಅವರ ‘ಇವಾನ್ ದಿ ಟೆರಿಬಲ್’, ಮೊದಲ ಭಾಗ. ಯುದ್ಧದ ಕಾಲ, ಸ್ಟುಡಿಯೋ ಮಾಸ್ಕೋ ಬಿಟ್ಟು ಕಜಾಕಸ್ತಾನದ ಅಲ್ಮಾ-ಅತಾಕ್ಕೆ ಹೋಗಿತ್ತು. ಹಗಲಿನ ಕರೆಂಟು ಕಾರ್ಖಾನೆಗಳಿಗೆ ಬೇಕಿತ್ತು, ಹಾಗಾಗಿ ರಾತ್ರಿ ಹೊತ್ತು ಶೂಟಿಂಗ್. ಸಾಮಾನು ಸಿಗದ ಆ ದಿನಗಳಲ್ಲಿ ಶ್ಪಿನೆಲ್ ಒಂದು ಅರಮನೆ ಕಟ್ಟಿದರು. ಒಂದು ಸಲ ಮಾಮೂಲಾಗಿ ನೋಡಿ. ಇನ್ನೊಂದು ಸಲ ಸೌಂಡ್ ಪೂರ್ತಿ ಆಫ್ ಮಾಡಿ ಬರೀ ಬಾಗಿಲುಗಳನ್ನು ನೋಡಿ. ಎಷ್ಟು ತಗ್ಗಿವೆ ಅಂದರೆ ಒಬ್ಬೊಬ್ಬರೂ ತಲೆ ಬಗ್ಗಿಸಿ, ಬೆನ್ನು ಬಾಗಿಸಿ ನುಸುಳಬೇಕು. ನುಸುಳಿ ಒಳಗೆ ಬಂದರೆ ಗೋಡೆಯ ತುಂಬ ದೊಡ್ಡ ದೊಡ್ಡ ಕಣ್ಣುಗಳ ಮುಖಗಳು ಅವರನ್ನೇ ನೋಡುತ್ತಿರುತ್ತವೆ.